ಅತ್ತೆ ಬಡಿಸಿದ್ದು

ಭಾನುವಾರದ ಪ್ರಾರ್ಥನೆ ಮುಗಿಸಿ ಬಂದವರು ಚಾಪೆಯ ಸುತ್ತ ಕೂತಿದ್ದರು. ಕಲೊಲೈನೆ ನೆಲದೊಲೆಯಲ್ಲಿ ಬೆಂದ ಕೆಸುವಿನೆಲೆಯ ಪೊಟ್ಟಣವೊಂದನ್ನು ಬಿಚ್ಚಿ, ತೆಂಗಿನ ಹಾಲಿನಲ್ಲಿ ತೇಲುವ ಕುರಿಯ ಕೊಬ್ಬನ್ನು ಹನ್ನೊಂದು ವರ್ಷದ ಲೆಸಿಯೆಲಿಯ ಮುಂದೆ ಸುರಿದಳು.

"ತಿನ್ನೇ. ತೀರಿಹೋದ ನನ್ನ ತಮ್ಮನ ಕೂಸು ನೀನು. ನನ್ನ ಕೈಯೂಟ ಬೇಡ ಅಂತೀಯಾ?"

ಬೇಡ ಅನ್ನುವ ಹಾಗಿಲ್ಲ. ಟೊಂಗಾ ದ್ವೀಪಗಳಲ್ಲಿ ತಂದೆಯ ಅಕ್ಕನ ಮಾತಿಗೆ ಎದುರಿಲ್ಲ. ಅವಳು ತುತ್ತು ಎತ್ತುವ ಮೊದಲು ಯಾರೂ ಉಣ್ಣುವಂತಿಲ್ಲ, ಅವಳು ಬಡಿಸಿದ್ದನ್ನು ಬಿಡುವಂತೆಯೂ ಇಲ್ಲ. ಲೆಸಿಯೆಲಿ ಎರಡನೆಯ ಸಲ ಬಡಿಸಿದ್ದನ್ನೂ ತಿಂದಳು.

ಸೋಮವಾರ ಅದೇ ಅತ್ತೆ ದಾದಿಯ ಬಿಳಿ ಸಮವಸ್ತ್ರ ತೊಟ್ಟು ಶಾಲೆಗೆ ಬಂದಳು. ಮಕ್ಕಳ ಬೊಜ್ಜು ಇಳಿಸುವ ಕಾರ್ಯಕ್ರಮ ಅವಳ ಕೈಯಲ್ಲಿತ್ತು. ವಾರವಾರವೂ ತೂಕ ನೋಡಿ ಹಲಗೆಯ ಮೇಲೆ ಹೆಸರಿನೆದುರು ಬರೆಯುವುದು; ಇಳಿಯದವರಿಗೆ ವಾರ್ಷಿಕೋತ್ಸವದ ಕುಣಿತದಲ್ಲಿ ಜಾಗವಿಲ್ಲ. ಲೆಸಿಯೆಲಿಗೆ ಜಗತ್ತಿನಲ್ಲಿ ಬೇಕಾಗಿದ್ದದ್ದು ಅದೊಂದೇ ಜಾಗ.

"ಅರವತ್ತೆಂಟು ಕಿಲೋ!" ಕಲೊಲೈನೆ ಕೂಗಿದಳು. "ಹೋದ ವಾರಕ್ಕಿಂತ ಒಂದು ಜಾಸ್ತಿ. ನೀನು ಕುಣಿದ್ರೆ ವೇದಿಕೆ ಉಳಿಯುತ್ತೇನೇ?"

ಮಕ್ಕಳು ಹೊಟ್ಟೆ ಹಿಡಿದು ನಕ್ಕರು. ನಾಚಿಕೆಯಾದರೆ ಮಕ್ಕಳು ತಿನ್ನುವುದು ಕಡಿಮೆ ಮಾಡುತ್ತವೆ ಎಂದು ಕಲೊಲೈನೆ ಮನಸಾರೆ ನಂಬಿದ್ದಳು. ನಂಬಿ ಮಾಡುವ ಕೇಡಿಗೆ ಮದ್ದು ಹುಡುಕುವುದು ಕಷ್ಟ.

ಮುಂದಿನ ಭಾನುವಾರ ಊಟದ ನಡುವೆ ಎದ್ದುಹೋದ ಮಗಳನ್ನು ಹುಡುಕುತ್ತ ಪಿಸಿಲಾ ಹಿತ್ತಲಿಗೆ ಹೋದಳು. ಹುಡುಗಿ ಗಂಟಲಿಗೆ ಬೆರಳು ಹಾಕಿ ಬಾಳೆಯ ಬುಡದಲ್ಲಿ ಕಾರುತ್ತಿದ್ದಳು.

"ಅತ್ತೆಗೆ ಹೇಳ್ಬೇಡಮ್ಮ. ನಾಳೆ ತೂಕ ಇದೆ."

ಪಿಸಿಲಾ ಮಗಳ ಕೈ ಹಿಡಿದು ಚಾಪೆಯ ಬಳಿ ಬಂದಳು. ಹದಿನಾಲ್ಕು ವರ್ಷ ಗಂಡನ ಅಕ್ಕನಿಗೆ ತಲೆಯೆತ್ತಿ ಮಾತಾಡದವಳು ಅಂದು ನಿಂತೇ ಮಾತಾಡಿದಳು.

"ಅತ್ತಿಗೆ, ನೀವು ಬಡಿಸಿದ್ದನ್ನ ಇವಳು ಹಿತ್ತಲಲ್ಲಿ ಕಕ್ತಿದಾಳೆ. ಬಿಟ್ರೆ ಇವತ್ತು ಬೈತೀರಿ, ತಿಂದ್ರೆ ನಾಳೆ ಊರನ್ನೇ ನಗಿಸ್ತೀರಿ. ಮಗು ಎಲ್ಲಿಗೆ ಹೋಗ್ಬೇಕು?"

"ನಾನೇನು ಖುಷಿಗೆ ನಗಿಸ್ತೀನಾ? ಸಕ್ಕರೆ ಕಾಯಿಲೇಲಿ ನನ್ನ ತಮ್ಮನ ಕಾಲು ಕತ್ತರಿಸಿದಾಗ ದಿನಾ ಗಾಯ ತೊಳೆದಿದ್ದು ಈ ಕೈ. ಇವಳಿಗೂ ಅದೇ ಗತಿ ಬರ್ಲಾ?"

"ಅವರಿಗೂ ಪ್ರತಿ ಭಾನುವಾರ ಬಡಿಸಿದ್ದು ಅದೇ ಕೈ ಅಲ್ವಾ?"

ಕಲೊಲೈನೆ ಕೈಯ ಜಿಡ್ಡನ್ನು ಒರೆಸಿಕೊಳ್ಳುತ್ತಲೇ ಇದ್ದಳು. ಕ್ರೂರವಾದ ಮಾತು, ಆದರೆ ಸುಳ್ಳಾಗಿರಲಿಲ್ಲ.

ಮರುದಿನ ತೂಕ ಪರದೆಯ ಹಿಂದೆ ನಡೆಯಿತು. ಅಂಕಿ ಮಡಿಸಿದ ಚೀಟಿಯಲ್ಲಿ ತಾಯಂದಿರಿಗೆ ಹೋಯಿತು. ಕುಣಿತದ ಪಟ್ಟಿಯಲ್ಲಿ ಎಲ್ಲರ ಹೆಸರೂ ಇತ್ತು.

ಅದರ ಮುಂದಿನ ಭಾನುವಾರ ಕಲೊಲೈನೆ ತನಗೆ ಬೇಯಿಸಿದ ಮೀನು, ಒಂದು ತುಂಡು ಕೆಸುವಿನ ಗೆಡ್ಡೆ ಹಾಕಿಕೊಂಡಳು. ಲೆಸಿಯೆಲಿಗೂ ಅಷ್ಟೇ ಬಡಿಸಿ, "ಸಾಕಾ, ಮಗಳೇ?" ಎಂದಳು. ಜೀವಮಾನದಲ್ಲಿ ಯಾರನ್ನೂ ಹಾಗೆ ಕೇಳಿದವಳಲ್ಲ.

ಹುಡುಗಿ ತಲೆ ಎತ್ತಲಿಲ್ಲ. "ತೂಕ ಮಾಡಿ ಬಡಿಸಿ, ಅತ್ತೆ. ಆಮೇಲೆ ನಗಬೇಡಿ."

ಕಲೊಲೈನೆಯ ಮುಖ ಕಪ್ಪಿಟ್ಟಿತು. ಆದರೂ ಅವಳು ಏಳಲಿಲ್ಲ, ತಿನ್ನಲೂ ಇಲ್ಲ. ಹುಡುಗಿ ಮೊದಲ ತುತ್ತು ಎತ್ತಲೆಂದು ಕೈ ಕಟ್ಟಿ ಕಾದಳು. ಅತ್ತೆಯೇ ತಿನ್ನದ ಮೇಲೆ ಉಳಿದವರು ತಿನ್ನುವುದೆಲ್ಲಿ ಬಂತು. ಚಾಪೆಯ ಸುತ್ತ ಎಲ್ಲರೂ ಕಾದರು.