ಬುಡ ಕೆಳಗೆ, ತುದಿ ಮೇಲೆ

ಹೊಳೆಯಾಚೆಯ ಹಳ್ಳಿಗಳಿಗೆ ಒಣಮರ ಚಿಗುರಿಸುವ ಹಸಿ ಬಂದಿದೆಯೆಂಬ ಸುದ್ದಿಯನ್ನು ಮೊದಲು ತಂದವನು ಗಾಡಿಯವ. ಬಡಗಿ ನಂಬಲಿಲ್ಲ. "ಮೂವತ್ತು ವರ್ಷದ ಹಳೇ ಬಾಗಿಲು ಚಿಗುರೋದು ಅಂದ್ರೇನಯ್ಯಾ? ನೀನು ಯಾವ ಹೆಂಡದಂಗಡಿ ಹೊಕ್ಕು ಬಂದೆ?" ಎಂದು ಉಳಿ ಮಸೆಯುತ್ತಲೇ ಕೇಳಿದ್ದ.

ಎಂಟನೆಯ ದಿನ ಅದು ಈ ಊರಿಗೂ ಬಂತು. ಗಾಳಿಯಿಲ್ಲ, ಮಳೆಯಿಲ್ಲ, ಸದ್ದಿಲ್ಲ. ಬೆಳಿಗ್ಗೆ ಎದ್ದು ನೋಡಿದರೆ, ಒಣಗಿ ಎಷ್ಟೋ ಕಾಲವಾಗಿದ್ದ ಮರಕ್ಕೆ ಜೀವ ಬಂದಿತ್ತು. ಮಂಚದ ಕಾಲುಗಳು ನೆಲಕ್ಕೆ ಬೇರಿಳಿಸಿದ್ದವು. ನಯವಾದ ಕಂಬಗಳ ಮೈಗೆ ತೊಗಟೆ ಕಟ್ಟಿತ್ತು. ದರ್ಜಿಯ ಮನೆಯ ಬಾಗಿಲು ಚೌಕಟ್ಟಿನೊಂದಿಗೆ ಬೆಸೆದುಹೋಗಿ, ಅವನು ಕಿಟಕಿಯಿಂದ ಇಳಿದು ಬಂದ. "ಇನ್ನು ಬೀಗದ ಚಿಂತೆ ಇಲ್ಲ. ಬಾಗಿಲನ್ನ ಮೇಕೆ ತಿನ್ನದ ಹಾಗೆ ಕಾದ್ರೆ ಸಾಕು" ಎಂದ. ಜನ ನಕ್ಕರು. ಮಾರನೆಯ ದಿನ ಚಿಗುರನ್ನು ಕಡಿದರು. ಒಂದು ಕಡಿದಲ್ಲಿ ನಾಲ್ಕು ಬಂದವು. ಮೂರನೆಯ ದಿನ ನಗುವವರು ಇರಲಿಲ್ಲ.

ಊರಿನ ಮುಕ್ಕಾಲು ಪಾಲು ಮರಗೆಲಸ ಬಡಗಿಯ ಕೈಯದು. ಒಂದು ಮನೆಯಿಂದ ಇನ್ನೊಂದು ಮನೆಗೆ ಕರೆಯುವವರೇ ಕರೆಯುವವರು. ಹೊತ್ತಿಗೆ ಸರಿಯಾಗಿ ಊಟವಿಲ್ಲದೆ ಗರಗಸ ಹಿಡಿದು ಓಡಾಡಿದ. ಮನೆಗೆ ಬಂದರೆ ಅಕ್ಕ ತಟ್ಟೆ ಮುಂದಿಟ್ಟು, "ಮುಖ ನೋಡು, ಸುಟ್ಟ ಬದನೇಕಾಯಿ ಆಗಿದೆ. ತಿಂದು ಮಲಗು" ಎನ್ನುತ್ತಿದ್ದಳು.

ಅಕ್ಕನೇ ಅವನನ್ನು ಸಾಕಿದವಳು. ಅವನು ಕೆಲಸ ಕಲಿಯುತ್ತಿದ್ದ ವರ್ಷ ಗಾಡಿಯ ಚಕ್ರ ಹರಿದು ಅವಳ ಬಲಗಾಲು ಮೊಣಕಾಲಿನಿಂದ ಕೆಳಗೆ ಹೋಯಿತು. ಅವನು ತನ್ನ ಕೈಯಾರೆ ಮಾಡಿ ಮುಗಿಸಿದ ಮೊದಲ ವಸ್ತು ಅವಳ ಮರದ ಕಾಲು. ಪಕ್ಕದಲ್ಲಿ ಕೂತು ಅಪ್ಪ ಹೇಳಿಕೊಟ್ಟದ್ದು ಒಂದೇ ಮಾತು: ನಿಲ್ಲಿಸುವ ಮರ ಯಾವುದೇ ಇರಲಿ, ಬುಡ ಕೆಳಗೆ, ತುದಿ ಮೇಲೆ. ಮರ ಬೆಳೆದ ಹಾಗೇ ನಿಂತರೆ ಭಾರ ಹೊರುತ್ತದೆ. ಅಂದಿನಿಂದ ಬಡಗಿ ಸ್ಟೂಲಿನ ಕಾಲಿಗೂ ಬುಡ ಯಾವುದು, ತುದಿ ಯಾವುದೆಂದು ನೋಡದೆ ಉಳಿ ಇಟ್ಟವನಲ್ಲ.

ನಾಲ್ಕನೆಯ ದಿನ ಬೆಳಿಗ್ಗೆ ಬೀದಿಯ ತುದಿಯ ಅವಸರಣ್ಣ ಅವನನ್ನು ಕೂಗಿ ಕರೆದ. ಅವನೂ ಬಡಗಿಯೇ. ಸಂಜೆಗೆ ಕೇಳಿದ ಬೆಂಚನ್ನು ಮಧ್ಯಾಹ್ನಕ್ಕೇ ಹೊಡೆದು ಕೊಡುತ್ತಿದ್ದುದರಿಂದ ಆ ಹೆಸರು.

"ಇಲ್ನೋಡು ಮಾರಾಯ. ಈ ಮಂಚದಲ್ಲಿ ಎರಡು ಕಾಲು ಬೇರು ಬಿಟ್ಟಿವೆ, ಎರಡು ಹಾಗೇ ಇವೆ. ಒಂದೇ ಮರದ್ದು ನಾಲ್ಕೂ."

ಬಡಗಿ ಮಂಚದಡಿಗೆ ತೂರಿ ಗಂಟುಗಳ ಮೇಲೆ ಬೆರಳಾಡಿಸಿದ. ಕೊಂಬೆ ಒಡೆದ ಗಂಟು ಯಾವತ್ತೂ ತುದಿಯ ಕಡೆಗೆ ವಾಲಿರುತ್ತದೆ. ಒಣಗಿದ್ದ ಎರಡು ಕಾಲುಗಳಲ್ಲಿ ಗಂಟು ನೆಲ ನೋಡುತ್ತಿತ್ತು.

"ಇವೆರಡನ್ನ ತಲೆಕೆಳಗಾಗಿ ಹಾಕಿದ್ದೀಯ."

"ಇರಬಹುದು. ಬುಡ ತುದಿ ನೋಡ್ತಾ ಕೂತ್ರೆ ಊಟ ಮಾಡೋದು ಯಾವಾಗ?"

ಗೋಡೆಯ ಮೇಲೆ ಅಡ್ಡ ಹಾಸಿದ ತೊಲೆಗಳೂ ಒಣಗಿಯೇ ಇದ್ದವು. ನೆಟ್ಟಗೆ, ಬೆಳೆದ ಹಾಗೆ ನಿಂತದ್ದಕ್ಕಷ್ಟೇ ಹಸಿ ಹಿಡಿದಿತ್ತು. ಅಂದರೆ ತಾನು ಮಾಡಿಕೊಟ್ಟ ಒಂದೊಂದು ಕಂಬ, ಒಂದೊಂದು ಬಾಗಿಲು ಎಂದು ಲೆಕ್ಕ ಹಾಕುತ್ತಿದ್ದ ಬಡಗಿಗೆ ಅಕ್ಕನ ಕಾಲು ನೆನಪಾಯಿತು. ಗರಗಸವನ್ನು ಅಲ್ಲೇ ಬಿಟ್ಟು ಮನೆಗೆ ಓಡಿದ.

ಅಕ್ಕ ಒಲೆಯ ಮುಂದೆ ನಿಂತಿದ್ದಳು. "ಬಂದ್ಯಾ? ಆ ಪಾತ್ರೆ ಇಳಿಸು. ನಂಗೆ ಆ ಕಡೆ ತಿರುಗೋಕಾಗ್ತಿಲ್ಲ."

ಅವನು ಮಂಡಿಯೂರಿ ಸೀರೆಯ ಅಂಚನ್ನು ಸರಿಸಿದ. ಮರದ ಕಾಲು ನೆಲದ ಗಾರೆಯನ್ನು ಸೀಳಿ ಇಳಿದಿತ್ತು.

"ಯಾವಾಗಿಂದ ಅಕ್ಕಾ?"

"ಮೊದಲನೇ ದಿನ ಸ್ವಲ್ಪ ತೇವ ಅನ್ನಿಸ್ತು. ಮೊನ್ನೆ ರಾತ್ರಿ ಕಾಲಿನ ಪಟ್ಟಿ ಬಿಚ್ಚೋಕೆ ಬರಲಿಲ್ಲ. ನೆಲಕ್ಕೆ ಹಿಡಿದದ್ದು ಇವತ್ತೇ."

"ಹೇಳೋದಲ್ವಾ?"

"ನೀನು ಕೂತ್ಕೊಂಡೇ ನಿದ್ದೆ ಮಾಡ್ತಿದ್ದೆ. ಬೆಳಿಗ್ಗೆ ಹೇಳಿದ್ರಾಯ್ತು ಅಂದ್ಕೊಂಡೆ."

ಚಿಕ್ಕ ಗರಗಸ ತಂದು ಪಾದದ ಹತ್ತಿರ ಇಟ್ಟ. ಎರಡು ಸಲ ಎಳೆದದ್ದೇ ತಡ, ತಿಳಿಯಾದ ರಸ ಒಸರಿತು. ಅಕ್ಕ ಗೋಡೆಯ ಗೂಡನ್ನು ಗಟ್ಟಿಯಾಗಿ ಹಿಡಿದಳು. "ನೋಯ್ತದೆ ಕಣೋ" ಎಂದಳು, ತನಗೇ ಆಶ್ಚರ್ಯವಾದ ಹಾಗೆ. "ಅಲ್ಲಿ ಕಾಲಿಲ್ಲದೆ ಎಷ್ಟು ವರ್ಷ ಆಯ್ತು. ಈಗ ನೋಯ್ತದೆ."

ಮೇಲೆ ಪಟ್ಟಿ ಕಟ್ಟಿದ್ದ ಜಾಗವನ್ನು ತಡವಿದ. ಅಕ್ಕ ಎಲ್ಲಿ ಮುಗಿದು ಮರ ಎಲ್ಲಿ ಶುರುವಾಗುತ್ತದೆಂಬುದು ಮೂವತ್ತು ವರ್ಷ ಮರ ಮುಟ್ಟಿದ ಬೆರಳಿಗೂ ತಿಳಿಯಲಿಲ್ಲ.

ವೈದ್ಯನನ್ನು ಕರೆತಂದ. ವೈದ್ಯ ತೊಡೆಯನ್ನು ಒತ್ತಿ ನೋಡಿ, ಸೊಂಟವನ್ನು ಒತ್ತಿ ನೋಡಿ, ಕೈ ಒರೆಸಿಕೊಂಡು ಅವನನ್ನು ಹೊರಗೆ ಕರೆದ. "ಸೊಂಟದವರೆಗೂ ಮರ ಹತ್ತಿದೆ. ಎಲ್ಲಿ ಅಂತ ಕಡೀಲಿ, ನೀನೇ ಹೇಳು" ಎಂದ.

ಒಳಗೆ ಬಂದು ಅವಳ ಪಾದದ ಬಳಿ ಕುಸಿದು ಕೂತ. "ಆವತ್ತು ತಲೆಕೆಳಗು ಮಾಡಿ ಮಾಡಿದ್ದಿದ್ರೆ ನಿಂಗೇನೂ ಆಗ್ತಿರಲಿಲ್ಲ ಅಕ್ಕಾ."

"ಮಾಡಿದ್ದಿದ್ರೆ ಅಪ್ಪ ನಿನ್ನ ಬೆನ್ನು ಮುರೀತಿದ್ರು. ಆವತ್ತು ಗಂಟೆಗಟ್ಟಲೆ ಬುಡ ಹುಡುಕ್ತಾ ಕೂತಿದ್ದೆ, ಮೂಗು ಸೋರಿಸ್ಕೊಂಡು." ಅವಳು ನಗಲು ನೋಡಿದಳು. ನಗು ಸೊಂಟದವರೆಗೆ ಇಳಿಯಲಿಲ್ಲ. "ಬಾಯಾರಿಕೆ."

ಲೋಟ ತಂದುಕೊಟ್ಟ. ಒಂದು ಗುಟುಕು ಕುಡಿದು ಹಿಂದಿರುಗಿಸಿದಳು. "ಬಾಯಿಗಲ್ಲ ಕಣೋ. ಕೆಳಗೆ ಹಾಕು."

ಅವನು ಲೋಟವನ್ನು ಹಿಡಿದುಕೊಂಡೇ ನಿಂತ. ಆಮೇಲೆ ಗಾರೆಯ ಬಿರುಕಿನೊಳಗೆ ಸುರಿದ. ಅಕ್ಕ ಕಣ್ಣು ಮುಚ್ಚಿ ಉಸಿರೆಳೆದಳು. ಇನ್ನೊಂದು ತಂದ. ಕೊನೆಗೆ ಕೊಡವನ್ನೇ ತಂದ.

ಮಧ್ಯಾಹ್ನದ ಹೊತ್ತಿಗೆ ಅವಳ ಮಾತು ಕಡಿಮೆಯಾಯಿತು. ಕತ್ತು ಮಾತ್ರ ಮೇಲಕ್ಕೆ ತಿರುಗುತ್ತಿತ್ತು. "ಇಲ್ಲಿ ಬೆಳಕು ಸಾಲದು" ಎಂದಳು. ಕಿಟಕಿಯನ್ನು ಪೂರ್ತಿ ತೆರೆದ. ಸಾಲದು ಎಂದಳು. ಹಗಲಿನಲ್ಲೇ ದೀಪ ಹಚ್ಚಿ ಹತ್ತಿರ ಹಿಡಿದ. ಅವಳು ಮುಖ ತಿರುಗಿಸಿದಳು.

ಆಗ ಹಿತ್ತಲಿಗೆ ಹೋದ. ಏಣಿ ನೆಲ ಹಿಡಿದು ಹಸಿರಾಗಿ ನಿಂತಿತ್ತು. ಕಲ್ಲಿನ ಗೋಡೆಯ ಸಂದಿಯಲ್ಲಿ ಕಾಲಿಟ್ಟು ಮಾಡು ಹತ್ತಿ, ಅಡುಗೆಮನೆಯ ನೇರಕ್ಕೆ ಕೂತು ಒಂದು ಹೆಂಚನ್ನು ತೆಗೆದ. ಒಡೆಯದ ಹಾಗೆ ಪಕ್ಕಕ್ಕಿಟ್ಟ. ಎರಡನೆಯದನ್ನು ತೆಗೆದ. ಬಿಸಿಲಿನ ಕೋಲೊಂದು ಒಳಕ್ಕಿಳಿದು ಅವಳ ಭುಜದ ಮೇಲೆ ಬಿತ್ತು.

"ಸಾಕಾ ಅಕ್ಕಾ?"

ಕೆಳಗೆ ಅವಳ ಮುಖ ಬೆಳಕಿನ ಕಡೆಗೆ ಮೆಲ್ಲಗೆ ಹೊರಳಿತು.

"ಇನ್ನೂ ಸ್ವಲ್ಪ" ಎಂದಳು.

ಅವನು ಮೂರನೆಯ ಹೆಂಚಿಗೆ ಕೈ ಹಾಕಿದ.