ಉಪ್ಪಿನಕಾಯಿ ಅಂಗಡಿಯ ಬೋರ್ಡು

ಲಾಜರ್ ಚಿತ್ರ ಬರೆಯುತ್ತಿದ್ದ, ನಾನು ಅದರೊಳಗೆ ಅಕ್ಷರ ತುಂಬುತ್ತಿದ್ದೆ. ಎದೆಯ ಮೇಲೆ ಬೆಂಕಿಚಕ್ರ ಹೊತ್ತು ನ್ಯೂಯಾರ್ಕಿನ ಸೇತುವೆಗಳನ್ನು ಜಿಗಿಯುವ ಆ ಕಾಮಿಕ್ಸ್ ವೀರನನ್ನು ಹುಟ್ಟಿಸಿದವನೇ ಅವನು. ಆದರೆ ಪ್ರತಿ ಸಂಚಿಕೆಯಲ್ಲೂ ‘ಚಿತ್ರ: ಗ್ರಾಂಟ್ ಹಾಲೋವೇ’ ಎಂದೇ ನಾನು ಬರೆಯಬೇಕಿತ್ತು. ಹಾಲೋವೇ ಎಂಬ ಮನುಷ್ಯನೇ ಇರಲಿಲ್ಲ. ಲಾಜರ್ ವಿಷ್ನಿಟ್ಜ್ ಎಂಬ ಯಹೂದಿ ಹೆಸರು ಕಂಡರೆ ಓಹಾಯೋದ ಮಕ್ಕಳು ಪುಸ್ತಕ ಮುಟ್ಟುವುದಿಲ್ಲವೆಂದು ನಮ್ಮ ಧಣಿ ಕ್ರೇನ್ ಕಟ್ಟಿದ ಹೆಸರದು.

1941ರಲ್ಲಿ ಲಾಜರನ ತಾಯಿ ಫ್ರೂಮಾಗೆ ಕಣ್ಣು ಮಂಜಾಗತೊಡಗಿತು. ಪೂರ್ತಿ ಹೋಗುವ ಮೊದಲು ಮಗನ ಹೆಸರನ್ನು ಅಚ್ಚಿನಲ್ಲಿ ನೋಡಬೇಕೆಂದು ಅವಳ ಆಸೆ. ಅವಳು ಓದುತ್ತಿದ್ದದ್ದು ಬಲದಿಂದ ಎಡಕ್ಕೆ ಬರೆಯುವ ನಮ್ಮ ಯಹೂದಿಗಳ ಮನೆಮಾತು ಯಿಡ್ಡಿಶ್ ಮಾತ್ರ.

“ಲೋ ಹೆಷಲ್,” ಎಂದ ಲಾಜರ್, “ಏಳನೇ ಪುಟದ ಬೀದೀಲಿ ಒಂದು ಉಪ್ಪಿನಕಾಯಿ ಅಂಗಡಿ ಇಟ್ಟಿದೀನಿ. ಬೋರ್ಡಲ್ಲಿ ನಮ್ಮಕ್ಷರದಲ್ಲಿ ನನ್ನ ಹೆಸ್ರು ಹಾಕ್ಬಿಡು. ಆ ಕ್ರೇನ್ ದೊರೆಗೇನು ತಿಳಿಯುತ್ತೆ?”

ದಪ್ಪಗೆ ಬರೆದೆ. ನಮ್ಮವರು ಕೆಲಸ ಮುಟ್ಟದ ಶನಿವಾರವೂ ಆಫೀಸು ತೆರೆಯುವ, ಇಂಗ್ಲಿಷ್ ಬಿಟ್ಟು ಬೇರೇನೂ ಆಡದ ಆ ಮಹಾನುಭಾವ ಹಿಂದೊಮ್ಮೆ ನಮ್ಮದೇ ಬೀದಿಯ ಯಹೂದಿ ಕ್ರಾಂಟ್ಜ್ ಆಗಿದ್ದನೆಂದು ನಮಗೇನು ಗೊತ್ತು!

ಮಧ್ಯಾಹ್ನ ಲಾಜರ್ ಊಟಕ್ಕೆ ಹೋಗಿದ್ದಾಗ ಕ್ರೇನ್ ಪುಟ ಎತ್ತಿಕೊಂಡು, ಬಲದಿಂದ ಎಡಕ್ಕೆ ಬೆರಳಾಡಿಸುತ್ತ ಎಳೆಹುಡುಗನ ರಾಗದಲ್ಲಿ ಓದಿದ. “ಲಾ-ಜರ್ ವಿಷ್-ನಿಟ್ಜ್. ಏಟು ತಿಂದು ಕಲ್ತಿದ್ದು ಕಣಯ್ಯಾ, ಮರೆಯೋದುಂಟಾ? ಅಳಿಸು.”

“ಸಾರ್, ಅವನ ತಾಯಿಗೆ ಕಣ್ಣು...”

“ಬೋರ್ಡು ಖಾಲಿ ಬಿಡ್ಬೇಡ. ನಮ್ಮಪ್ಪನ ಹೆಸ್ರು ಹಾಕು, ಮೆಂಡಲ್ ಕ್ರಾಂಟ್ಜ್. ಆಗಲ್ಲ ಅಂದ್ರೆ ಹೇಳು, ಬರೆಯೋರು ಬೇಕಾದಷ್ಟು ಜನ ಇದಾರೆ.”

ಬಿಳಿ ಬಣ್ಣ ಬಳಿದು ಬರೆದುಕೊಟ್ಟೆ. ಲಾಜರನಿಗೆ ಹೇಳಲು ಬಾಯಿ ಬರಲಿಲ್ಲ. ಹೇಡಿ ನಾನು, ಇವತ್ತಿಗೂ ಹೇಡಿಯೇ.

ಪುಸ್ತಕ ಬಂದ ದಿನ ಅವನು ಬಿಚ್ಚಿಯೂ ನೋಡದೆ ನನ್ನನ್ನು ಮನೆಗೆ ಎಳೆದುಕೊಂಡು ಹೋದ. ಫ್ರೂಮಾ ಕೈ ಒರೆಸಿಕೊಂಡು, ‘ನನ್ನ ಹೆಸರಿದೆ’ ಎಂದು ಮಗ ಹೇಳಿದ ಬೋರ್ಡಿನ ಮೇಲೆ ಭೂತಗನ್ನಡಿ ಹಿಡಿದು ಒಂದೊಂದೇ ಅಕ್ಷರ ಕೂಡಿಸಿದಳು. “ಮೆಂ-ಡಲ್... ಕ್ರಾಂಟ್ಜ್.” ಮತ್ತೊಮ್ಮೆ ಓದಿದಳು. ಆಮೇಲೆ ಮಗನ ಮುಖ ನೋಡಿದಳು.

“ನೀನೂ ಹೆಸ್ರು ಬದಲಾಯಿಸ್ಕೊಂಡ್ಯಾ? ಸತ್ತಿರೋ ಅಪ್ಪನ ಹೆಸ್ರು ಅಷ್ಟು ಭಾರವಾಯ್ತೇನೋ?”

“ಅಯ್ಯೋ, ನಾನಲ್ಲಮ್ಮಾ! ಲೋ ಹೆಷಲ್, ಹೇಳೋ!”

ನಾನು ನನ್ನ ಟೋಪಿಯ ಅಂಚು ನೋಡುತ್ತ ನಿಂತೆ.

“ಅಚ್ಚಾಗಿರೋದು ಸುಳ್ಳಾ?” ಎನ್ನುತ್ತ ಅವಳು ಪುಸ್ತಕ ಮುಚ್ಚಿ, ಮಗನ ಮುಂದೆ ತಟ್ಟೆ ಇಟ್ಟಳು. “ಊಟಕ್ಕೆ ಕೂತ್ಕೊಳ್ಳಿ, ಕ್ರಾಂಟ್ಜ್ ಅವರೇ.”