ಸೀಸ ನುಂಗಿದ ಕರಿಕೆಸರು

ಐದು ಕಿಲೋಮೀಟರ್ ಆಳದ ಕಡಲ ತಳದಿಂದ ಎತ್ತಿ ತಂದ ಲೋಹದ ಗಂಟುಗಳು ನೋಡಲು ಸುಟ್ಟ ಆಲೂಗಡ್ಡೆಯ ಹಾಗಿದ್ದವು. ಅವನ್ನು ಯಂತ್ರಕ್ಕೆ ಹಾಕಿ ನುಣ್ಣಗೆ ಅರೆಯುವುದು, ಜರಡಿ ಹಿಡಿಯುವುದು, ತೂಗಿ ಚೀಟಿ ಅಂಟಿಸುವುದು ಹತ್ತೊಂಬತ್ತು ವರ್ಷಗಳಿಂದ ಒಬ್ಬಳದೇ ಕೆಲಸ. ಹೀಗಾಗಿ ಪ್ರಯೋಗಾಲಯದಲ್ಲಿ ಎಲ್ಲರ ಬಾಯಲ್ಲೂ ಅವಳು ಪುಡಿಯಕ್ಕ.

ಗಂಟಿನಿಂದ ನಿಕ್ಕಲ್, ತಾಮ್ರ, ಕೋಬಾಲ್ಟ್ ತೆಗೆಯುವ ದಾರಿ ಅಲ್ಲಿನವರಿಗೆ ಗೊತ್ತಿತ್ತು. ಮೂರೂ ಸೇರಿ ನೂರು ಕೆ.ಜಿ.ಗೆ ಮೂರು ಕೆ.ಜಿ. ಸಿಕ್ಕರೆ ಹೆಚ್ಚು. ಉಳಿದ ಕರಿಕೆಸರನ್ನು ಏನು ಮಾಡುವುದು ಎಂಬುದೇ ಬಗೆಹರಿದಿರಲಿಲ್ಲ. ಹಿಂದಿನ ಶೆಡ್ಡಿನಲ್ಲಿ ಅದರ ಡ್ರಮ್ಮುಗಳು ಕಾಲಿಡಲು ಜಾಗವಿಲ್ಲದಂತೆ ತುಂಬಿಕೊಂಡಿದ್ದವು.

ಈ ಕೆಸರನ್ನು ಊರಾಚೆಯ ಕಸದ ಗುಂಡಿಗೆ ಸುರಿದಾಗ, ಅಲ್ಲಿಗೆ ಪಕ್ಕದ ಬ್ಯಾಟರಿ ಕಾರ್ಖಾನೆಯ ಸೀಸದ ನೀರೂ ಬಂದು ಸೇರಿದರೆ ವಿಷ ಎಷ್ಟು ಏರೀತು? ಹೊಸದಾಗಿ ಬಂದ ವಿಜ್ಞಾನಿ ಅದನ್ನು ಅಳೆಯಹೊರಟ. ಪುಡಿಯಕ್ಕ ಹತ್ತು ಬಾಟಲಿಗಳಿಗೆ ಸೀಸದ ನೀರು ತುಂಬಿ, ಐದಕ್ಕೆ ಮಾತ್ರ ಕೆಸರು ಹಾಕಿ, ದಿನವಿಡೀ ಅಲುಗಾಡಿಸಿ ಸೋಸಿಕೊಟ್ಟಳು. ಅವನು ಸೀಸ ಅಳೆಯುವ ಯಂತ್ರಕ್ಕೆ ಹಾಕಿ ನೋಡಿದರೆ, ಕೆಸರು ಹಾಕಿದ ಐದರಲ್ಲೂ ಸೀಸ ಇಲ್ಲವೇ ಇಲ್ಲ ಎನ್ನುವಷ್ಟು ಕಡಿಮೆ.

"ಅಕ್ಕ, ಈ ಐದಕ್ಕೆ ಸೀಸ ಹಾಕೋದು ಮರೆತ್ರಾ?" ವಿಜ್ಞಾನಿ ಕೇಳಿದ.

"ಇಲ್ಲ ಸರ್. ಹತ್ತಕ್ಕೂ ಒಂದೇ ಕ್ಯಾನಿಂದ ಹಾಕಿದೀನಿ."

"ಹಾಗಾದ್ರೆ ಎಲ್ಲಿ ಹೋಯ್ತು? ಸೀಸಕ್ಕೇನು ರೆಕ್ಕೆ ಬಂತಾ?"

ಪಕ್ಕದ ಮೇಜಿನವರು ಕಿಸಕ್ಕನೆ ನಕ್ಕರು. ಅವನು ಅವಳ ದಾಖಲೆಪುಸ್ತಕದಲ್ಲಿ ಕೆಂಪು ಗೀಟು ಎಳೆದು 'ಐದಕ್ಕೆ ಸೀಸ ಹಾಕಿಲ್ಲ' ಎಂದು ಬರೆದ. ಹತ್ತೊಂಬತ್ತು ವರ್ಷದಲ್ಲಿ ಅವಳ ಸಾಲಿನ ಮೇಲೆ ಬಿದ್ದ ಮೊದಲ ಗೀಟು ಅದು. ಮುಖದ ಮೇಲೆ ಎಳೆದಂತಾಯಿತು ಅವಳಿಗೆ.

ಮನೆಯಲ್ಲಿ ಅವಳು ಉಣ್ಣದೆ ಅನ್ನ ಕಲಸುತ್ತಲೇ ಕೂತಿದ್ದನ್ನು ಅತ್ತೆ ಗಮನಿಸಿದರು. ಮೂವತ್ತು ವರ್ಷ ಹೆರಿಗೆ ವಾರ್ಡಿನಲ್ಲಿ ದಾದಿಯಾಗಿದ್ದವರು. ಅವರ ಹತ್ತಿರ ಮುಚ್ಚಿಡುವುದು ಆಗದ ಮಾತು. ಸೊಸೆ ಎಲ್ಲವನ್ನೂ ಹೇಳಿದಳು.

"ತಪ್ಪು ಮಾಡಿದ್ಯಾ?"

"ಇಲ್ಲ ಅತ್ತೆ."

"ಮತ್ತೆ ಬಾಯಿಗೆ ಬೀಗ ಹಾಕ್ಕೊಂಡು ಯಾಕೆ ಬಂದೆ? ನಾಳೆ ಹೋಗಿ ಕೇಳು. ಈಗ ಊಟ ಮಾಡು."

ಮರುದಿನ ಬೆಳಿಗ್ಗೆ ಅವಳು ಸೀದಾ ಪ್ರಯೋಗಾಲಯದ ಮುಖ್ಯಸ್ಥೆಯ ಕೋಣೆಗೆ ಹೋದಳು. ದಾಖಲೆಪುಸ್ತಕ ತೆರೆದು ಆ ಕೆಂಪು ಗೀಟನ್ನು ಮುಂದಿಟ್ಟಳು.

"ಮೇಡಂ, ಇನ್ನೊಂದ್ಸಲ ಮಾಡಿ ನೋಡೋಣ. ಸೀಸದ ನೀರು ಸರ್ ಹಾಕ್ಲಿ, ಕೆಸರು ನಾನು ಹಾಕ್ತೀನಿ, ನೀವು ಎದುರಿಗಿರಿ. ಆಮೇಲೂ ನಂದೇ ತಪ್ಪು ಅಂತಾದ್ರೆ ಆ ಗೀಟು ಹಾಗೇ ಇರ್ಲಿ."

ಒಂದು ಸಲವಲ್ಲ, ಮೂರು ಸಲ ಮಾಡಿದರು. ಮೂರು ಸಲವೂ ಅಳೆಯುವ ಯಂತ್ರ ಒಂದೇ ಮಾತು ಹೇಳಿತು: ನೂರರಲ್ಲಿ ತೊಂಬತ್ತೆಂಟು ಪಾಲು ಸೀಸ ನೀರು ಬಿಟ್ಟು ಕೆಸರಿಗೆ ಅಂಟಿಕೊಂಡಿತ್ತು. ಯಾರಿಗೂ ಬೇಡವಾಗಿ ಡ್ರಮ್ಮಿನಲ್ಲಿ ಬಿದ್ದಿದ್ದ ಕಸ ಕೊಳಕು ನೀರನ್ನು ತೊಳೆದುಕೊಟ್ಟಿತ್ತು.

ವಿಜ್ಞಾನಿ ದಾಖಲೆಪುಸ್ತಕ ತರಿಸಿ ತನ್ನ ಬರಹವನ್ನೇ ಹೊಡೆದುಹಾಕಿ ಸಹಿ ಮಾಡಿದ. ಮೊನ್ನೆ ನಕ್ಕವರೆಲ್ಲ ಅಲ್ಲೇ ಇದ್ದರು. "ಅಕ್ಕ, ನಂದೇ ತಪ್ಪು," ಎಂದ.

"ಅದಿರ್ಲಿ ಬಿಡಿ ಸರ್," ಎಂದಳು. ಎದೆ ಉಬ್ಬಿ ಬಂದಿದ್ದರೂ ತಲೆಯಲ್ಲಿ ಬೇರೊಂದು ಹುಳ ಕೊರೆಯುತ್ತಿತ್ತು. "ಈಗ ಸೀಸ ಕೆಸರೊಳಗೆ ಕೂತಿದೆಯಲ್ಲ, ಮತ್ತೆ ಹೊರಗೆ ಬರಲ್ಲ ಅಂತ ಏನು ಗ್ಯಾರಂಟಿ?"

ಮುಖ್ಯಸ್ಥೆ ಪೆನ್ನು ಕೆಳಗಿಟ್ಟು ಅವಳನ್ನೇ ನೋಡಿದರು. "ನಾವು ಕೇಳಬೇಕಾಗಿದ್ದ ಪ್ರಶ್ನೆ ಇದು," ಎಂದರು. ಮುಂದಿನ ವರ್ಷದ ಸಂಶೋಧನೆಗೆ ಅದೇ ವಿಷಯವಾಯಿತು.

ಕೆಸರು ಸೀಸ ಹಿಡಿದಿಟ್ಟ ಪ್ರಯೋಗದ ವರದಿ ಅಚ್ಚಾಗಿ ಬಂದಾಗ ಅದರ ಮೇಲೆ ಮೂರು ಹೆಸರುಗಳಿದ್ದವು, ಮೂರನೆಯದು ಪುಡಿಯಕ್ಕನದು. ಅತ್ತೆ ಕನ್ನಡಕ ಏರಿಸಿಕೊಂಡು ಬೆರಳಿಟ್ಟು ಆ ಹೆಸರನ್ನು ಓದಿದರು, ಮತ್ತೊಮ್ಮೆ ಓದಿದರು.

"ಉಳಿದದ್ದೆಲ್ಲ ನಂಗೆ ಒಂದಕ್ಷರ ಅರ್ಥ ಆಗಲ್ಲ ಕಣೇ. ಕೂತ್ಕೊ, ಮೊದಲಿಂದ ಹೇಳು. ಕಡಲ ತಳದಿಂದ ಶುರು ಮಾಡು."

ಅವಳು ಕೂತು ಹೇಳತೊಡಗಿದಳು.